ಲಾರಿಯೊಳಗೆ ಕೂತ ಕ್ಯಾಪ್ಟನ್

ಮಳೆಗೆ ನೆಂದು ಕೊಳೆಯತೊಡಗಿದ ಈರುಳ್ಳಿ ಮೂಟೆಯ ವಾಸನೆ ಯಾರಿಗೂ ಇಷ್ಟವಾಗುವಂಥದ್ದಲ್ಲ. ಕಳೆದ ವಾರ ಗುಂಡ್ಲುಪೇಟೆಯ ಮಾರ್ಕೆಟ್ಟಿನ ಹತ್ತಿರ ಸ್ಕೂಟರ್ ನಿಲ್ಲಿಸಿದಾಗ ಪಕ್ಕದ ಲಾರಿಯಿಂದ ಆ ವಾಸನೆ ಬಂತು. ಎಲ್ಲರೂ ಮೂಗು ಮುಚ್ಚಿಕೊಂಡು ದಾಟುತ್ತಿದ್ದರು. ನಾನೊಬ್ಬಳು ಪೆದ್ದಿಯ ಹಾಗೆ ನಿಂತೇ ಇದ್ದೆ. ನಮ್ಮ ಸೀನಿಯರ್ ನೆನಪಾಗಿಬಿಟ್ಟರು.

ಎರಡು ಸಾವಿರದ ಇಸವಿಯ ಆಚೀಚೆ ಕಾನೂನು ಓದು ಮುಗಿಸಿ, ಕುದೇರಿನಿಂದ ದಿನಾ ಬಸ್ಸಿನಲ್ಲಿ ಚಾಮರಾಜನಗರಕ್ಕೆ ಬಂದು ಅವರ ಆಫೀಸಿನಲ್ಲಿ ಜೂನಿಯರ್ ಆಗಿ ಕೆಲಸ ಮಾಡುತ್ತಿದ್ದೆ. ಅದಕ್ಕೂ ಎಷ್ಟೋ ವರ್ಷ ಮುಂಚೆ ಅವರು ಲಾಯರ್ ಆಗಿದ್ದವರು ಒಂದು ಸಲ ಎಮ್ಮೆಲ್ಲೆ ಆದರು, ಮುಂದಿನ ಸಲ ಸೋತರು. ಸೋತವರು ಸಾಮಾನ್ಯವಾಗಿ ಇನ್ನೊಂದು ಪಕ್ಷದ ಬಾಗಿಲು ತಟ್ಟುತ್ತಾರೆ. ಈ ಪುಣ್ಯಾತ್ಮರು ಸೈನ್ಯದ ಬಾಗಿಲು ತಟ್ಟಿದರು. ಬೇರೆ ಕೆಲಸದಲ್ಲಿದ್ದವರೂ ಸೇರಬಹುದಾದ ಟೆರಿಟೋರಿಯಲ್ ಆರ್ಮಿ ಅಂತ ಒಂದಿದೆಯಲ್ಲ, ಅದರಲ್ಲಿ ಅಧಿಕಾರಿಯಾದರು. ಶ್ರೀಲಂಕಾದ ಅಂತರ್ಯುದ್ಧದ ನಡುವೆ ನಮ್ಮ ಸೈನ್ಯ ಅಲ್ಲಿಗೆ ಹೋದಾಗ, ತಮಿಳು ಬಲ್ಲವರು ಬೇಕೆಂದು ಇವರನ್ನೂ ಕಳಿಸಿದರಂತೆ. ಗಡಿಯಾಚೆಯ ತಾಳವಾಡಿ ಕಡೆಯ ಕಕ್ಷಿದಾರರ ಜೊತೆ ಮಾತಾಡಿ ಮಾತಾಡಿ ಕಲಿತ ತಮಿಳು ಅದು. ವಾಪಸು ಬಂದು ಮತ್ತೆ ಕರಿಕೋಟು ತೊಟ್ಟರೂ ಜನ ಅವರನ್ನು ಕ್ಯಾಪ್ಟನ್ ಸಾಹೇಬ್ರು ಅಂತಲೇ ಕರೆದರು. ಯುದ್ಧದ ವಿಷಯ ಹೇಳಿ ಸಾರ್ ಎಂದು ನಾನು ಕೇಳಿದಾಗಲೆಲ್ಲ, ಮೊದಲು ಕೇಸ್ ಓದಿಕೊಂಡು ಬಾ ಎಂದು ಬಾಯಿ ಮುಚ್ಚಿಸುತ್ತಿದ್ದರು.

ಚಾಮರಾಜನಗರದಿಂದ ಗುಂಡ್ಲುಪೇಟೆಯವರೆಗೆ ಯಾರದೇ ಮದುವೆ, ತಿಥಿ, ಗೃಹಪ್ರವೇಶವಿರಲಿ, ಅವರು ಯಾವುದನ್ನೂ ತಪ್ಪಿಸುತ್ತಿರಲಿಲ್ಲ. ಮುಹೂರ್ತವಿದ್ದ ದಿನ ಎರಡು ಮೂರು ಛತ್ರ ಸುತ್ತಿ, ತಲೆಯಲ್ಲಿ ಅಕ್ಷತೆ ಇಟ್ಟುಕೊಂಡೇ ಕೋರ್ಟಿಗೆ ಬರುವರು. ಯಾರ ಮನೆಯಲ್ಲಿ ಬಾಣಂತಿ, ಯಾರ ಅಪ್ಪನಿಗೆ ಲಕ್ವ, ಎಲ್ಲ ಗೊತ್ತು. ಓಟಿನ ಆಸೆ ಎಂದು ನಾನು ಒಳಗೊಳಗೇ ನಗುತ್ತಿದ್ದೆ. ಆ ಆಸೆಯೂ ಇತ್ತೆನ್ನಿ... ಮುಂದಿನ ಚುನಾವಣೆಗೆ ಟಿಕೆಟ್ ಅವರದೇ ಎಂದು ಎಲ್ಲರೂ ಮಾತಾಡಿಕೊಳ್ಳುತ್ತಿದ್ದ ಕಾಲ.

ಆಗ ಕಾವೇರಿ ನೀರಿನ ಗಲಾಟೆ ಶುರುವಾಯಿತು. ಕೇಸಿಗೆಂದು ಗುಂಡ್ಲುಪೇಟೆಗೆ ಬಂದಿದ್ದ ನಾವಿಬ್ಬರೂ ಬಂದ್‌ನಲ್ಲಿ ಸಿಕ್ಕಿಕೊಂಡೆವು. ಮಾರ್ಕೆಟ್ ಎದುರು ತಮಿಳುನಾಡಿನ ನಂಬರಿನ ಲಾರಿಯೊಂದು ಮುಂದೆ ಹೋಗಲಾರದೆ ನಾಲ್ಕು ದಿನದಿಂದ ಮಳೆಯಲ್ಲಿ ನಿಂತು, ಈರುಳ್ಳಿ ಕೊಳೆತು ನಾರುತ್ತಿತ್ತು. ಸುತ್ತ ಜನವೋ ಜನ. ಮುಂದಿನ ಗಾಜು ಆಗಲೇ ಪುಡಿಯಾಗಿತ್ತು. ಒಳಗೆ ನಡುವಯಸ್ಸಿನ ಡ್ರೈವರ್ ಸ್ಟೇರಿಂಗಿಗೆ ತಲೆಯಿಟ್ಟು ಅಳುತ್ತಿದ್ದ. ಒಬ್ಬ ಯುವಕನ ಕೈಯಲ್ಲಿ ಸೀಮೆಎಣ್ಣೆ ಕ್ಯಾನು. ಲಾರಿ ಜೊತೆಗೆ ಮನುಷ್ಯನನ್ನೂ ಸುಡುತ್ತಾರೆ ಎಂದು ನನಗೆ ಖಾತ್ರಿಯಾಯಿತು. 

ಸೀನಿಯರ್ ಕರಿಕೋಟು ಬಿಚ್ಚಿ ನನ್ನ ಕೈಗೆ ಕೊಟ್ಟರು. ಭಾಷಣ ಮಾಡುತ್ತಾರೇನೋ ಅಂದುಕೊಂಡೆ. ಊಹೂಂ. ಗುಂಪಿನೊಳಗೆ ಹೋಗಿ ಒಬ್ಬೊಬ್ಬರನ್ನೇ ಹೆಸರು ಹಿಡಿದು ಮಾತಾಡಿಸತೊಡಗಿದರು. ಕಲ್ಲು ಹಿಡಿದಿದ್ದವನೊಬ್ಬನ ಹೆಗಲ ಮೇಲೆ ಕೈಯಿಟ್ಟು, "ಏನ್ಲಾ, ನಿಮ್ಮವ್ವನ ಕಣ್ಣಿನ ಕಟ್ಟು ಬಿಚ್ಚಿದ್ರಾ?" ಎಂದರು. ಅವನು ತಬ್ಬಿಬ್ಬಾಗಿ, ಬಿಚ್ಚಿದ್ರು ಸಾ, ಈಗ ಚೆಂದಾಗಿ ಕಾಣ್ತದೆ ಅಂದ. ತಾಯಿಯ ಕಣ್ಣಿನ ವಿಷಯ ಹೇಳಿದ ಬಾಯಲ್ಲೇ ಕೂಗುವುದು ಹೇಗೆ? ಕಲ್ಲನ್ನು ಮೆಲ್ಲಗೆ ಕೆಳಗೆ ಬಿಟ್ಟ. ಇನ್ನೊಬ್ಬನ ತಂಗಿಯ ಬಾಣಂತನ ವಿಚಾರಿಸಿದರು, ಮತ್ತೊಬ್ಬನ ಮುರಿದ ಮದುವೆ ಮಾತುಕತೆ. ಮಾತಾಡಿಸಿದವರೆಲ್ಲ ಅವರ ಕಣ್ಣು ತಪ್ಪಿಸಿ ಅಂಗಡಿ ಸಾಲಿನ ಕಡೆಗೆ ಸರಿದರು, ಅವರನ್ನು ನೋಡಿ ಉಳಿದವರೂ ಸರಿದರು. ನನಗೆ ನಂಬಲಾಗಲಿಲ್ಲ.

ಕ್ಯಾನು ಹಿಡಿದವನು ಮಾತ್ರ ಅವರಿಗೆ ಗುರುತಿರಲಿಲ್ಲ. ಯಾರ ಮಗ ನೀನು ಎಂದು ಕೇಳಿದರು. ಯಾರ ಮಗ ಆದ್ರೆ ನಿಂಗೇನು, ಆಚ್ಗೋಗು ಎಂದು ಅವನು ಎಣ್ಣೆಯನ್ನು ಚಕ್ರದ ಮೇಲೆ ಸುರಿದೇಬಿಟ್ಟ. ಸೀನಿಯರ್ ಇನ್ನೊಂದು ಬದಿಗೆ ಹೋಗಿ, ಕ್ಯಾಬಿನ್ ಹತ್ತಿ, ಡ್ರೈವರ್ ಪಕ್ಕದಲ್ಲಿ ಕೂತು ಬಾಗಿಲು ಹಾಕಿಕೊಂಡರು.

"ಹಚ್ಚೋದಾದ್ರೆ ಹಚ್ಚಪ್ಪ," ಎಂದರು. "ಹಚ್ಚಿದ ಮ್ಯಾಲೆ ಏನಾಯ್ತದೆ ಅಂತ ನಾನು ನೋಡ್ಬಂದಿವ್ನಿ. ನೀನು ನೋಡಿಲ್ಲ."

ಕಿರುಚಲಿಲ್ಲ, ಬೈಯಲಿಲ್ಲ. ಬಸ್ಸಿನಲ್ಲಿ ಸೀಟು ಹಿಡಿದವರ ಹಾಗೆ ಕೂತಿದ್ದರು. ಅವನು ಬೆಂಕಿಪೊಟ್ಟಣ ತೆಗೆದು, ಬೆಂಬಲಕ್ಕೆಂದು ಹಿಂದೆ ತಿರುಗಿದ. ಹಿಂದೆ ಯಾರೂ ನಿಂತಿರಲಿಲ್ಲ. ಕ್ಯಾನನ್ನು ಒದ್ದು ಹೊರಟುಹೋದ.

ಲಾರಿಯಿಂದ ಅವರು ಇಳಿಯಲೇ ಇಲ್ಲ. ಬಂಡೀಪುರ ದಾಟಿ ಗಡಿಯವರೆಗೂ ಡ್ರೈವರ್ ಜೊತೆ ಹೋಗಿ, ಸಂಜೆ ಹೊತ್ತಿಗೆ ಫಾರೆಸ್ಟಿನವರ ಜೀಪಿನಲ್ಲಿ ವಾಪಸು ಬಂದರು. ಬಸ್ ಸ್ಟ್ಯಾಂಡಿನಲ್ಲಿ ಕಾದಿದ್ದ ನಾನು ಟೀ ತಂದುಕೊಟ್ಟೆ. ಕುಡಿಯಲು ಹೋಗಿ ಟೀ ಎಲ್ಲ ಶರಟಿನ ಮೇಲೆ ಚೆಲ್ಲಿಕೊಂಡರು. ನಿಮಗೂ ಭಯ ಆಗುತ್ತದಾ ಸಾರ್ ಎಂದೆ.

"ಆಗದೆ ಇರ್ತದಾ? ಲಂಕೇಲಿ ಒಂದ್ಸಲ ಒಂದು ಮನೆಗೆ ಬೆಂಕಿ ಹಚ್ತಿದ್ರೂ ನಾನು ಜೀಪಿಂದ ಇಳೀನಿಲ್ಲ ಕಣಮ್ಮ. ಇಳ್ದಿದ್ರೆ ಆ ಮನೆಯವರು..."

ಅಷ್ಟೇ. ನನ್ನ ಕೈಲಿದ್ದ ಕರಿಕೋಟು ತೆಗೆದುಕೊಂಡು ಒದ್ದೆ ಶರಟಿನ ಮೇಲೆ ತೊಟ್ಟರು.

ಸೀನಿಯರ್ ತಮಿಳರ ಪರ ಎಂಬ ಮಾತು ಹಬ್ಬಿತು. ಟಿಕೆಟ್ ಬೇರೆಯವರ ಪಾಲಾಯಿತು. ಓಟು ಇನ್ನೊಂದ್ಸಲ ಬತ್ತದೆ, ಹೋದ ಜೀವ ಬರಕಿಲ್ಲ ಎಂದು ಅದನ್ನು ತಳ್ಳಿಹಾಕಿದರು. ಆದರೆ ಲಗ್ನಪತ್ರಿಕೆಗಳು ಬರುವುದು ನಿಂತಿತಲ್ಲ, ಅದು ಅವರನ್ನು ತಿಂದುಹಾಕಿತು. ಮುಹೂರ್ತದ ದಿನ ಬೆಳಿಗ್ಗೆಯೇ ಆಫೀಸಿಗೆ ಬಂದು, ತಲೆ ಬಾಚಿಕೊಂಡು, ಸುಮ್ಮನೆ ಕೂತಿರುತ್ತಿದ್ದರು.  ಕೆಲವು ವರ್ಷಗಳಲ್ಲಿ ಹೃದಯಾಘಾತವಾಗಿ ಹೋಗಿಬಿಟ್ಟರು. ಡ್ರೈವರ್ ಸುದ್ದಿ ತಿಳಿದು ಹೆಂಡತಿ ಮಕ್ಕಳೊಂದಿಗೆ ಬಂದು, ಮಣ್ಣು ಮಾಡುವವರೆಗೂ ಇದ್ದು ಹೋದ.

ಕಳೆದ ವಾರ ಅದೇ ಮಾರ್ಕೆಟ್ಟಿನಲ್ಲಿ ಮಂಡಿ ಸಾಹುಕಾರರೊಬ್ಬರು ನನ್ನನ್ನು ಗುರುತು ಹಿಡಿದು, ಪಕ್ಕದಲ್ಲಿದ್ದವರಿಗೆ ಆ ದಿನದ ಕಥೆ ಹೇಳತೊಡಗಿದರು. "ಅವತ್ತು ನಾವೆಲ್ಲಾ ಕ್ಯಾಪ್ಟನ್ ಸಾಹೇಬ್ರ ಜೊತೇಲೇ ನಿಂತಿದ್ದೊ, ಅಲ್ವೇನಮ್ಮ?" ಎಂದರು. ಊರಿನಲ್ಲಿ ಈಗ ಎಲ್ಲರೂ ಹೀಗೆಯೇ ಹೇಳುತ್ತಾರೆ. ಕೇಳಿ ಕೇಳಿ ನನಗೆ ಸಿಟ್ಟು ಬರುತ್ತದೆ, ಆಮೇಲೆ ಅಳು ಬರುತ್ತದೆ.

ಆ ಲಾರಿಯೊಳಗೆ ಇದ್ದದ್ದು ಇಬ್ಬರೇ. ಅವರಲ್ಲೊಬ್ಬರು ಈಗಿಲ್ಲ.