ಉಚ್ಚಂಗೆಮ್ಮ ಬಿಡದ ಕೊಡತಿ

“ಏಳು ಜನ ಬಂದಿದ್ರು ಕಣವ್ವ, ಏಳು ಜನ! ಒಂದು ಕೊಡತಿ ಕಿತ್ಕಳ್ಳಾಕೆ!”

“ಆಮೇಲೆ?” ಎಂದೆ.

“ಏನಂದಿ? ಜೋರಾಗಿ ಹೇಳು. ನನ್ನ ಕಿವಿ ಹೋಗಿ ಹತ್ತು ವರ್ಷ ಆತು.”

“ಆಮೇಲೇನಾಯ್ತು ಅಜ್ಜೀ?” ಎಂದು ಕೂಗಿದೆ. ಜಗುಲಿಯ ಮೇಲೆ ಮಲಗಿದ್ದ ನಾಯಿ ಎದ್ದು ಓಡಿತು.

ಉಚ್ಚಂಗೆಮ್ಮ ನಗುತ್ತಾ ಮಡಿಲಲ್ಲಿದ್ದ ಕೊಡತಿಯನ್ನು ಸವರಿದರು. ಜಾಲಿ ಮರದ ಸುತ್ತಿಗೆ ಅದು. ಕೈ ಬೆವರಿಗೆ ಕಪ್ಪಾಗಿದೆ. ಹಿಡಿಯ ತುದಿಯಲ್ಲಿ ಹಲ್ಲಿನ ಗುರುತು! ಆ ಗುರುತಿನ ಕಥೆ ಕೇಳಲೆಂದೇ ನಾನು ರಜೆಯಲ್ಲಿ ಹೊನ್ನಾಳಿಯಿಂದ ಇದ್ದಿಲ ಹೊಗೆಯಿಂದ ಓಡುವ ಬಸ್ಸು ಹತ್ತಿ, ಕೆಮ್ಮುತ್ತಾ ಸಾಸ್ವೆಹಳ್ಳಿಗೆ ಬಂದದ್ದು.

ನಮ್ಮ ಸೀಮೆಯಲ್ಲಿ ‘ನಾದದ ಕಟ್ಟೆ’ ಎಂಬುದೊಂದು ಇದೆ ಎಂದು ನನಗೆ ಗೊತ್ತೇ ಇರಲಿಲ್ಲ! ಚನ್ನಗಿರಿ, ಹೊನ್ನಾಳಿ, ನ್ಯಾಮತಿ, ಜಗಳೂರು, ಈ ನಾಲ್ಕು ಕಡೆಯ ಗಂಟೆ ಎರಕದವರ ಕೂಟ. ಎಂಟು ಮನೆ, ಎಂಟು ಕೊಡತಿ. ಕೊಡತಿ ಇದ್ದವರಿಗಷ್ಟೇ ಗಂಟೆಯ ನಾದ ತಿದ್ದುವ ಹಕ್ಕು. ಎರಕ ಹೊಯ್ದ ಮಾತ್ರಕ್ಕೆ ಗಂಟೆಗೆ ಜೀವ ಬರುವುದಿಲ್ಲ ಎನ್ನುತ್ತದೆ ಕಟ್ಟೆ. ಮೊದಲ ಪೆಟ್ಟಿನ ನಾದವನ್ನು ಕೊನೆಯ ಎಳೆಯವರೆಗೂ ಯಾರಾದರೂ ಕೇಳಬೇಕು. ಅರ್ಧ ಕೇಳಿಸಿಕೊಂಡ ಗಂಟೆ ಅನಾಥ. ಅದನ್ನು ಕಟ್ಟಿದ ಎತ್ತು ಮೇವು ಬಿಡುತ್ತದೆ. ಪೂರ್ತಿ ಕೇಳಿಸಿಕೊಂಡ ಗಂಟೆಯಾದರೆ ದಾರಿ ತಪ್ಪಿದ ದನವನ್ನೂ ಮನೆಗೆ ಕರೆಯುತ್ತದಂತೆ.

ಕೇಳುವ ಕ್ರಮವೂ ಅವರದೇ. ಎರಡು ಮರದ ಕಂಬ, ಮೇಲೊಂದು ತೊಲೆ, ತೊಲೆಗೆ ಗಂಟೆ. ಎಲ್ಲರೂ ಅದಕ್ಕೆ ಬೆನ್ನು ಹಾಕಿ, ಮುಷ್ಟಿಯಲ್ಲಿ ಒಂದೊಂದು ಬೆಣಚುಕಲ್ಲು ಹಿಡಿದು ಕೂರುತ್ತಾರೆ. ಒಬ್ಬರು ಬಾರಿಸುತ್ತಾರೆ. ನಾದ ಮುಗಿಯಿತು ಅನ್ನಿಸಿದಾಗ ಕಲ್ಲು ಕೆಳಗೆ ಬಿಡಬೇಕು. ಕೊನೆಯ ಕಲ್ಲು ಯಾರದೋ ಅವರದು ಆ ದಿನದ ಹಿರಿತನ.

ಉಚ್ಚಂಗೆಮ್ಮ ಜಗಳೂರು ಕಡೆಯ ಸೊಕ್ಕೆ ಊರಿನವರು. ಕುರಿಯ ಕೊರಳ ಗಂಟೆ ಕೇಳಿಯೇ ಯಾವ ಕುರಿ ಕುಂಟುತ್ತಿದೆ ಎಂದು ಹೇಳುತ್ತಿದ್ದ ಹುಡುಗಿ. ಸಾಸ್ವೆಹಳ್ಳಿಯ ಕಂಚುಗಾರ ದುರುಗಪ್ಪನವರನ್ನು ಮದುವೆಯಾದರು. ಅವರು ತೀರಿಕೊಂಡ ಮೇಲೆ ಕೊಡತಿ ಇವರ ಕೈಗೆ ಬಂತು. “ಹೆಂಗ್ಸಿಗೆ ಯಾಕೆ?” ಅಂದವರಿಗೆ, “ನಿಮ್ಮ ಮನೆ ಗಂಟೆ ತಂದ್ಕೊಡ್ರಿ, ಎಲ್ಲಿ ಸೀಳೈತೆ ಹೇಳ್ತೀನಿ” ಅಂದರಂತೆ. ಯಾರೂ ತರಲಿಲ್ಲ!

ಆದರೆ ಕಂಚು ಬಡಿದು ಬಡಿದು ಕಿವಿ ಮಂದವಾಯಿತು. ೧೯೩೮ರಲ್ಲಿ ಒಂದು ದಿನ ಕಟ್ಟೆಯ ಯಜಮಾನ, ನ್ಯಾಮತಿಯ ಪಂಚಾಕ್ಷರಪ್ಪ, ಹಿಂದಿನಿಂದ ಮೂರು ಸಲ ಕರೆದರೂ ಇವರು ತಿರುಗಲಿಲ್ಲ. ಮರುವಾರವೇ ಕಟ್ಟೆಯ ಉಳಿದ ಏಳು ಜನ ಅಂಗಳದಲ್ಲಿ.

“ಕಿವುಡಿಗೆ ಕೊಡತಿ ಯಾಕಮ್ಮಾ? ಇಡು ಕೆಳಗೆ,” ಅಂದರು ಪಂಚಾಕ್ಷರಪ್ಪ, ಕಿವಿಯ ಹತ್ತಿರ ಬಾಯಿ ತಂದು.

“ಕಟ್ಟೆ ಕುಂತಾಗ ನನ್ನ ಕಲ್ಲು ಸೋತ್ರೆ ಇಡ್ತೀನಿ. ನನ್ನ ಅಂಗಳದಾಗೆ ಇಡಲ್ಲ, ನಡೀರಿ!”

ಆ ಧೈರ್ಯಕ್ಕೆ ಕಾರಣವಿತ್ತು. ಅದಕ್ಕೆ ಕೆಲವು ದಿನ ಮುಂಚೆ ಉಚ್ಚಂಗೆಮ್ಮ ಎರಡೂ ಕೈಯಲ್ಲಿ ಹಗ್ಗ ಹಿಡಿದು ಗಂಟೆ ಕಟ್ಟುತ್ತಿದ್ದರು. ಕೊಡತಿಯ ಹಿಡಿ ಬಾಯಲ್ಲಿತ್ತು. ಅದರ ತಲೆ ಕಂಬಕ್ಕೆ ತಾಗಿತು, ಅಷ್ಟರಲ್ಲಿ ಗಂಟೆ ಅಲುಗಿತು. “ಯವ್ವಾ, ತಲೆಬುರುಡೆ ಒಳಗೇ ಬಾರಿಸ್ದಂಗಾತು! ಕಿವಿಯಾಗೆ ಏನೂ ಇಲ್ಲ, ಹಲ್ಲಿನಾಗೆ ಎಲ್ಲಾ ಐತೆ!”

ನಾನು ಕುಳಿತಲ್ಲೇ ಕುಣಿದುಬಿಟ್ಟೆ. ನಾವು ಕಾಲೇಜಿನಲ್ಲಿ ಸೌಂಡ್, ವೈಬ್ರೇಷನ್ ಎಂದು ಇಂಗ್ಲಿಷಿನಲ್ಲಿ ಉರು ಹೊಡೆದದ್ದನ್ನು ಈ ಅಜ್ಜಿ ಕಚ್ಚಿ ನೋಡಿದ್ದಾರೆ!

ನ್ಯಾಮತಿಯಲ್ಲಿ ಕಟ್ಟೆ ಕೂತ ದಿನ ಬಾರಿಸುವ ಸರದಿ ಚನ್ನಗಿರಿಯ ಗನಿಸಾಬರದು. ಅವರೂ ಆ ಏಳು ಜನರಲ್ಲಿ ಒಬ್ಬರು. ಉಚ್ಚಂಗೆಮ್ಮ ಅವರನ್ನು ಪಕ್ಕಕ್ಕೆ ಕರೆದರು. “ಸಾಬ್ರೆ, ನಾದ ದಾರದಂಗೆ ಸಣ್ಣಗಾದಾಗ ಗಂಟೆನ ಮೆಲ್ಲಗೆ ಹಿಡಿದುಬಿಡ್ರಿ. ಯಾವಾಗ ಅಂತ ನಂಗೂ ಹೇಳ್ಬ್ಯಾಡ್ರಿ.”

“ಸೋಲಾಕೆ ಇಷ್ಟು ಅವಸರ ಏನಕ್ಕಾ?” ಎಂದು ನಗುತ್ತಲೇ ಒಪ್ಪಿದರು ಗನಿಸಾಬ. ಮುದುಕಿಯ ಸುಳ್ಳು ಬಯಲಾಗಲಿ ಎಂಬುದೇ ಅವರ ಆಸೆ.

ಉಚ್ಚಂಗೆಮ್ಮ ಕಣ್ಣು ಮುಚ್ಚಿ, ಕೊಡತಿಯ ತಲೆಯನ್ನು ಕಂಬಕ್ಕೆ ಒತ್ತಿ, ಹಿಡಿಯನ್ನು ಕಚ್ಚಿ ಕೂತರು.

“ಇದೇನು, ಕಬ್ಬು ತಿಂತೀಯಾ?” ಎಂದು ಯಾರೋ ಕಿಚಾಯಿಸಿದರು. ಎಲ್ಲರೂ ನಕ್ಕರು, ಬೆನ್ನು ಹಾಕಿದರು. ಗನಿಸಾಬ ಗಂಟೆ ಬಾರಿಸಿದರು.

ಎಷ್ಟು ಹೊತ್ತು! ನಾದ ಸಣ್ಣಗಾಯಿತು, ಇನ್ನೂ ಸಣ್ಣಗಾಯಿತು. ಆಗ ಮೊದಲ ಕಲ್ಲು ಬಿತ್ತು, ಟಕ್. ಉಚ್ಚಂಗೆಮ್ಮನದು. ಗಂಡಸರು ತಿರುಗಲಿಲ್ಲ, ತಿರುಗುವಂತಿಲ್ಲ. ಆದರೆ ಆರು ಬೆನ್ನುಗಳೂ ನೆಟ್ಟಗಾದವಂತೆ! ಗೆದ್ದೆವು ಎಂದುಕೊಂಡು ಇನ್ನಷ್ಟು ಹೊತ್ತು ಕಲ್ಲು ಹಿಡಿದರು. ಆಮೇಲೆ ಒಂದು ಬಿತ್ತು, ಇನ್ನೊಂದು ಬಿತ್ತು. ಪಂಚಾಕ್ಷರಪ್ಪ ಎಲ್ಲರ ಕಲ್ಲೂ ಬೀಳುವ ತನಕ ಕಾದು, ಮತ್ತೂ ಒಂದಿಷ್ಟು ಹೊತ್ತು ಕಣ್ಣು ಮುಚ್ಚಿ ತಲೆದೂಗಿ, ತಮ್ಮ ಕಲ್ಲು ಬಿಟ್ಟರು.

“ಮುದುಕಿ ಕಲ್ಲು ಮೊದ್ಲು ಬಿತ್ತು. ಕೊಡತಿ ಇಡಮ್ಮಾ!” ಎಂದು ತಿರುಗಿದರು.

ಗನಿಸಾಬ ಎರಡೂ ಕೈಯಲ್ಲಿ ಗಂಟೆಯನ್ನು ಕುಂಬಳಕಾಯಿಯಂತೆ ತಬ್ಬಿಕೊಂಡು ನಿಂತಿದ್ದರು. ಮುಖದಲ್ಲಿ ನಗು ಇರಲಿಲ್ಲ.

“ಯಾವಾಗ ಹಿಡಿದ್ರಿ ಸಾಬ್ರೆ?” ಎಂದರು ಪಂಚಾಕ್ಷರಪ್ಪ.

“ಅಕ್ಕನ ಕಲ್ಲು ಬಿತ್ತಲ್ಲ, ಆವಾಗ್ಲೇ. ಅಲ್ಲಾಣೆ, ಕೈ ಇಟ್ಟೆ, ಕಲ್ಲು ಬಿತ್ತು. ಆಮ್ಯಾಕೆ ನೀವೆಲ್ಲಾ ಏನು ಕೇಳ್ತಾ ಕುಂತಿದ್ರಿ ಯಜಮಾನ್ರೆ?”

ಉಚ್ಚಂಗೆಮ್ಮ ಬಾಯಿಂದ ಕೊಡತಿ ತೆಗೆದು, “ಬೇಕಾದೋರು ಬಂದು ನನ್ನ ಹಲ್ಲಿಂದ ಬಿಡಿಸ್ಕಳ್ರಿ!” ಎಂದು ಮತ್ತೆ ಕಚ್ಚಿಕೊಂಡು ಮನೆ ಕಡೆ ನಡೆದರಂತೆ.

ಇದಾಗಿ ಎಂಟು ವರ್ಷ. “ಆ ಕಲ್ಲು ಇನ್ನೂ ಪಂಚಾಕ್ಷರಪ್ನೋರ ಎದೆ ಮ್ಯಾಗೆ ಕುಂತೈತೆ,” ಎಂದರು ಉಚ್ಚಂಗೆಮ್ಮ. “ಈಗ ನನ್ನ ಹಲ್ಲು ಉದುರ್ತಾ ಅದಾವೆ ಅಂತ ಸುದ್ದಿ ಹೋಗೈತೆ. ಹೊಳೆ ದಾಟೋ ದೋಣಿ ಕಡವಿಗೆ ಹೊಸ ಗಂಟೆ ಮಾಡ್ಯಾರೆ, ಅದನ್ನ ಕೇಳಾಕೆ ಸೋಮವಾರ ಕಟ್ಟೆ ಇಲ್ಲೇ ಕೂರ್ತತೆ. ಹಲ್ಲಿಲ್ಲದೋಳು ಕೊಡತಿ ಇಡ್ಬೇಕಂತೆ.”

ಬಾಯಿ ತೆರೆದು ತೋರಿಸಿದರು. ಮುಂದೆ ಎರಡೇ ಹಲ್ಲು, ಎರಡೂ ಅಲ್ಲಾಡುತ್ತಿದ್ದವು.

“ಅಯ್ಯೋ, ಏನ್ ಮಾಡ್ತೀರಿ ಅಜ್ಜೀ?” ಎಂದು ಕೂಗಿದೆ.

“ಹಲ್ಲು ಹೋದ್ರೆ ಹಣೆ ಇಲ್ವೇನು? ತಿಂಗಳಿಂದ ಹಣೆಗೆ ಹಚ್ಚಿ ಕಲೀತಿದೀನಿ. ಸೋಮವಾರ ನೀನೂ ಬಾ. ನಂಗೆ ಕಲ್ಲು ಬೀಳೋ ಸದ್ದು ಕೇಳ್ಸಲ್ಲ. ಯಾರದು ಯಾವಾಗ ಬಿತ್ತು ಅಂತ ನೋಡಿ ಹೇಳು.”

ನಾನು ಕೊಡತಿ ತೆಗೆದುಕೊಂಡು ಅದರ ತಲೆಯನ್ನು ಅವರ ಹಣೆಗೆ ಮೆಲ್ಲಗೆ ಒತ್ತಿದೆ. ಹಿಡಿಯ ತುದಿಯನ್ನು, ಆ ಹಳೆಯ ಗುರುತಿನ ಮೇಲೆಯೇ, ಹಲ್ಲಿನಲ್ಲಿ ಕಚ್ಚಿದೆ. “ಸೋಮವಾರ ಮೊದಲ ಬಸ್ಸಿಗೇ ಬರ್ತೀನಿ” ಎಂದೆ, ಬಾಯಿ ಬಿಡಲಾಗದೆ ತೊದಲುತ್ತಾ.

ಉಚ್ಚಂಗೆಮ್ಮ ಹುಬ್ಬು ಗಂಟಿಕ್ಕಿದರು. “ಬಾ ಅಂದ್ನಲ್ಲ, ಒದರ್ತೀಯ ಯಾಕೆ? ಮೆಲ್ಲಗೆ ಹೇಳು.”