ಬರಿ ಕೇಳಿದ ದಿನ

೧೯೬೨ರಲ್ಲಿ ನಾನು ಬೆಳ್ತಂಗಡಿಯ ಬ್ಲಾಕ್ ಕಚೇರಿಯಲ್ಲಿ ಸಮಾಜ ಶಿಕ್ಷಣ ಸಂಘಟಕನಾಗಿದ್ದೆ. ಬಂಟ್ವಾಳದಲ್ಲಿ ಬೀಡಿ ಕಟ್ಟುತ್ತಿದ್ದ ನಮ್ಮ ಮನೆಗೆ ನಾನೇ ಮೊದಲ ಪದವೀಧರ. ಕಚೇರಿಯಲ್ಲಿ ಅಪ್ಪಿತಪ್ಪಿಯೂ ತುಳು ಬಾಯಿಗೆ ಬಾರದಂತೆ ಎಚ್ಚರ ವಹಿಸುತ್ತಿದ್ದೆ. ಆ ವರ್ಷ ಅಮೀನ್ ಎಂಬ ಲೇಖಕರಿಗೆ ಮೂರು ದಿನ ದುಭಾಷಿಯಾಗಿರಬೇಕೆಂದು ನನಗೆ ಆದೇಶವಾಯಿತು. ಅವರು ರಂಗೂನಿನಲ್ಲಿ ಹುಟ್ಟಿ, ಲಂಡನ್ನಿನಲ್ಲಿ ನೆಲೆಸಿ ಸಾಕ್ಷ್ಯಚಿತ್ರ ತೆಗೆಯುತ್ತಿದ್ದವರು. ತೀರಿಹೋದ ತಾಯಿ ಮುತ್ತು ಅವರ ತುಳುನಾಡಿನ ತವರುಮನೆಯನ್ನು ಹುಡುಕುವುದೇ ಈ ಸಲದ ಚಿತ್ರದ ವಸ್ತು.

ಅವರ ಎರಡು ಪುಸ್ತಕಗಳು ಅಚ್ಚಾಗಿದ್ದವು. ನನ್ನ ಕಥೆಗಳು ಪತ್ರಿಕೆಗಳಿಂದ ಹಿಂದಿರುಗುತ್ತಿದ್ದವು. ನಾನು ಕಷ್ಟಪಟ್ಟು ಮರೆಮಾಡುತ್ತಿದ್ದ ಬದುಕನ್ನು ಅವರು ಕ್ಯಾಮೆರಾ ಹೊತ್ತು ಹುಡುಕುತ್ತಿದ್ದುದನ್ನು ಕಂಡು ನನಗೆ ಹೊಟ್ಟೆಯುರಿ.

ಎರಡನೆಯ ದಿನ ಮೂಡುಬಿದಿರೆಯ ಬಳಿ ಅಕ್ಕಮ್ಮ ಎಂಬ ವೃದ್ಧೆ ಸಿಕ್ಕರು. ಅವರ ತಂಗಿ ಮುತ್ತುವೂ ರಂಗೂನಿಗೆ ಹೋದವಳೇ. ಆದರೆ ಆ ಹೆಸರಿನವರು ಹಲವರಿದ್ದುದರಿಂದ ಅಕ್ಕಮ್ಮ ತುಳುವಿನಲ್ಲಿ ಕೇಳಿದರು: “ನಿನ್ನ ಬರಿ ಒವು, ಮಗಾ?”

ನಿನ್ನ ಬರಿ ಯಾವುದು ಎಂದು. ಬರಿಯೆಂದರೆ ಕುಲದ ಕವಲು. ನಮ್ಮಲ್ಲಿ ಅದು ತಾಯಿಯಿಂದ ಮಕ್ಕಳಿಗೆ ಬರುತ್ತದೆ, ತಂದೆಯಿಂದಲ್ಲ. ಇದು ನನಗೆ ಚೆನ್ನಾಗಿ ತಿಳಿದಿತ್ತು. ಆದರೂ ನಾನು ಇಂಗ್ಲಿಷಿನಲ್ಲಿ ಕೇಳಿದ್ದು ಸರ್‌ನೇಮ್ ಏನೆಂದು. ಲೇಖಕರು ತಂದೆಯ ಕಡೆಯಿಂದ ಬಂದ ‘ಅಮೀನ್’ ಎಂಬುದನ್ನೇ ಹೇಳಿದರು. ಅಕ್ಕಮ್ಮನ ಮುಖ ಇಳಿಯಿತು. ಇವರು ನಮ್ಮವರಲ್ಲವೆಂದು ಹೇಳಿ, ಅತಿಥಿಗೆ ಕೊಡುವಂತೆ ಬೆಲ್ಲ ನೀರು ಕೊಟ್ಟು ಕಳುಹಿಸಿದರು. ತಿದ್ದಲು ಅವಕಾಶವಿತ್ತು. ನಾನು ತಿದ್ದಲಿಲ್ಲ.

ಮರುದಿನ ಬೆಳಿಗ್ಗೆ ಬಸ್ ನಿಲ್ದಾಣದಲ್ಲಿ ಅಮೀನ್ ಕ್ಯಾಮೆರಾದಿಂದ ಫಿಲ್ಮ್ ಬಿಚ್ಚುತ್ತಿದ್ದರು. ಈ ಚಿತ್ರ ತೆಗೆಯುವುದಿಲ್ಲವೆಂದರು. ಅದನ್ನು ತಾಳಲಾಗದೆ, ಅಕ್ಕಮ್ಮ ಕೇಳಿದ್ದು ತಾಯಿಯ ಬರಿಯನ್ನೆಂದೂ ನಾನು ಪ್ರಶ್ನೆಯನ್ನು ಬೇಕೆಂದೇ ತಪ್ಪಾಗಿ ಕೇಳಿದೆನೆಂದೂ ಒಪ್ಪಿಕೊಂಡೆ. ಅವರು ಫಿಲ್ಮನ್ನು ಕೆಳಗಿಟ್ಟು, ಚಿಕ್ಕಂದಿನಲ್ಲಿ ಅಮ್ಮ ತಮ್ಮಿಂದ ಒಂದು ಪದವನ್ನು ಹೇಳಿಸುತ್ತಿದ್ದಳೆಂದೂ ಅದನ್ನು ಮುದ್ದಿನ ಹೆಸರೆಂದುಕೊಂಡಿದ್ದಾಗಿಯೂ ಹೇಳಿದರು. ಆ ಪದ ‘ಸಾಲ್ಯಾನ್’. ಅದು ಒಂದು ಬರಿಯ ಹೆಸರು.

ತಿರುಗಿ ಹೋದೆವು. ತನ್ನದೇ ಬರಿಯ ಹೆಸರು ಕೇಳಿದೊಡನೆ ಅಕ್ಕಮ್ಮ ಅಮೀನರ ಗಲ್ಲ ಹಿಡಿದರು. ಬಳಿಕ ನನ್ನತ್ತ ತಿರುಗಿದರು.

“ನಿನ್ನೆಯೇ ಹೇಳ್ಲಿಕ್ಕೆ ಏನು ದಾಡಿ ಮಾರಾಯ? ನನ್ನ ತಂಗಿಯ ಮಗನನ್ನು ಯಾರೋ ಹೊರಗಿನವನ ಹಾಗೆ ಕಳಿಸಿದೆನಲ್ಲ.”

ಅವರು ಏನೆಂದರೆಂದು ಅಮೀನ್ ಕೇಳಿದರು. ಈ ಸಲ ಪೂರ್ತಿಯಾಗಿ ಅನುವಾದಿಸಿದೆ.

“ನಿನ್ನೆ ನನಗೇ ಮರೆತುಹೋಗಿತ್ತು ಎಂದು ಹೇಳಿ” ಎಂದರು ಅಮೀನ್.

ನನ್ನನ್ನು ಕಾಪಾಡಿದ ಆ ಸುಳ್ಳನ್ನು ತುಳುವಿಗೆ ತಂದವನೂ ನಾನೇ. ಅಸೂಯೆ ಅಂದೂ ಹೋಗಲಿಲ್ಲ; ಈಗ ಅವರ ಔದಾರ್ಯದ ಮೇಲೂ ಹುಟ್ಟಿತ್ತು. ದುಭಾಷಿಗೆ ತಿಳಿಯದ ಪದಕ್ಕಿಂತ ಚೆನ್ನಾಗಿ ತಿಳಿದ ಪದವೇ ಹೆಚ್ಚು ಅಪಾಯವೆಂಬುದನ್ನು ಆ ಉದ್ಯೋಗ ನನಗೆ ಕಲಿಸಿತು.