ಕ್ರೂಸರ್ ಹತ್ತದೆ ನಿಂತ ಹುಡುಗಿ

ನನ್ನ ಸಿಟ್ಟು ಊರಿಗೇ ಗೊತ್ತು. ತಿಕೋಂಡಿಯ ಕನ್ನಡ ಶಾಲೆಯಲ್ಲಿ ಪಾಠ ಹೇಳುತ್ತ ತಲೆ ಬೆಳ್ಳಗಾದರೂ ಸಿಟ್ಟಿಗೆ ಮಾತ್ರ ಇನ್ನೂ ಹರೆಯ ಹೋಗಿಲ್ಲ ಎಂದು ಹೆಂಡತಿ ಅನ್ನುತ್ತಾಳೆ. ಕಬಡ್ಡಿ, ಖೋಖೋ ಬಿಟ್ಟರೆ ಬೇರೆ ಆಟ ಕಾಣದ ಊರಲ್ಲಿ ಹುಡುಗಿಯರ ಫುಟ್‌ಬಾಲ್ ತಂಡ ಕಟ್ಟಿದ್ದೂ ಸಿಟ್ಟಿನಿಂದಲೇ. ಪಕ್ಕದೂರಿನ ಮಾಸ್ತರರೊಬ್ಬರು, "ನಿಮ್ಮ ಹುಡುಗ್ಯಾರು ಚೆಂಡು ಒದಿಯೂದು ಒತ್ತಟ್ಟಿಗಿರ್ಲಿ, ಮೊದಲ ಓಡಾಕ ಕಲಸ್ರಿ" ಎಂದು ನಾಲ್ಕು ಜನರ ಮುಂದೆ ನಕ್ಕಿದ್ದರು. ಆ ವಾರವೇ ವಿಜಯಪುರಕ್ಕೆ ಹೋಗಿ ಎರಡು ಚೆಂಡು ತಂದೆ.

ತಂಡಕ್ಕೆ ಧೈರ್ಯ ತುಂಬಲು ನನ್ನ ಬಳಿ ಒಂದೇ ಕತೆ ಇತ್ತು. ಬಹಳ ಹಿಂದೆ ಇಂಗ್ಲೆಂಡಿನ ಹೆಸರಾಂತ ಫುಟ್‌ಬಾಲ್ ತಂಡವೊಂದು ಹೊರದೇಶದಲ್ಲಿ ಆಡಿ ಮರಳುತ್ತಿತ್ತು. ದಾರಿಯಲ್ಲಿ, ಜರ್ಮನಿಯಲ್ಲಿ, ಎಣ್ಣೆ ತುಂಬಿಸಿಕೊಳ್ಳಲು ವಿಮಾನ ಇಳಿಯಿತು. ಹಿಮ ಬಿದ್ದು ವಿಮಾನ ಓಡುವ ದಾರಿಯೆಲ್ಲ ರಾಡಿಯಾಗಿತ್ತು. ವಿಮಾನ ಮೇಲೇಳಲು ಓಡಿತು, ನಿಂತಿತು. ಎರಡನೇ ಸಲ ಓಡಿತು, ಮತ್ತೆ ನಿಂತಿತು. ಎಲ್ಲರನ್ನೂ ಇಳಿಸಿ ಒಳಗೆ ಕೂರಿಸಿದರು, ಸ್ವಲ್ಪ ಹೊತ್ತಿಗೆ ಮತ್ತೆ ಹತ್ತಿಸಿದರು. ಮೂರನೇ ಸಲ ಅದು ನಿಲ್ಲಲಿಲ್ಲ, ಮೇಲೇಳಲೂ ಇಲ್ಲ. ಬೇಲಿ ಮುರಿದುಕೊಂಡು ಹೋಗಿ ಒಂದು ಮನೆಗೆ ಬಡಿಯಿತು. ಎಂಟು ಆಟಗಾರರು ಹೋದರು, ಅವರ ಜೊತೆ ಇನ್ನೂ ಎಷ್ಟೋ ಜನ. ಹತ್ತು ವರ್ಷದ ಮೇಲೆ ಅದೇ ತಂಡ ಯುರೋಪಿನ ದೊಡ್ಡ ಕಪ್ ಗೆದ್ದಿತು.

ಈ ಕೊನೆಯ ಮಾತನ್ನು ನಾನು ದನಿ ಏರಿಸಿ ಹೇಳುತ್ತಿದ್ದೆ. ಸತ್ತರೂ ಸೋಲದ ತಂಡ ಎನ್ನುವುದು ನನ್ನ ಪಾಠ. ಹುಡುಗಿಯರು ಬಾಯಿ ತೆರೆದು ಕೇಳುತ್ತಿದ್ದರು. ನಮ್ಮ ಗೋಲ್‌ಕೀಪರ್ ಮಾತ್ರ, ಕುರಿ ಕಾಯುವವರ ಮನೆಯ ಹುಡುಗಿ, ಮೊದಲ ಸಲ ಕೇಳಿದಾಗಲೇ ಕೈ ಎತ್ತಿದಳು.

"ಎರಡ ಸಲ ನಿಂತ ಮ್ಯಾಲ ಕೆಳಗ ಇಳಸಿದ್ರಲ್ರಿ ಗುರೂಜಿ. ಅವರೊಳಗ ಒಬ್ಬರಾದ್ರೂ ನಾ ಒಲ್ಲೆ ಅಂತ ಕೆಳಗ ಉಳೀಲಿಲ್ಲೇನ್ರಿ?"

"ನೀ ಇದ್ದಿದ್ರ ಉಳೀತಿದ್ದಿ ಬಿಡವಾ, ಅಂಜಬುರಕಿ" ಎಂದೆ. ಎಲ್ಲರೂ ನಕ್ಕರು. ಅವಳೂ ನಕ್ಕಳು. ಆದರೆ ಹಾಗೆ ಉಳಿದವರ ವಿಷಯ ನಾನು ಎಲ್ಲಿಯೂ ಓದಿರಲಿಲ್ಲ.

ಮೊದಲ ಬಾರಿಗೆ ತಾಲೂಕು ಸ್ಪರ್ಧೆಗೆಂದು ಜತ್ತಕ್ಕೆ ಹೊರಟ ದಿನ ಬೆಳಿಗ್ಗೆ ಗುಡಿಯ ಮುಂದೆ ಕ್ರೂಸರ್ ಗಾಡಿ ನಿಲ್ಲಿಸಿದೆವು. ಪೂಜಾರಿ ಹದಿಮೂರು ಹುಡುಗಿಯರ ಹಣೆಗೂ ನನ್ನ ಹಣೆಗೂ ಭಂಡಾರ ಹಚ್ಚಿ, ಗಾಡಿಯ ಮೇಲೂ ಒಂದು ಮುಷ್ಟಿ ತೂರಿದ. ಗಾಡಿಯ ಗಾಜೆಲ್ಲ ಅರಿಸಿನವಾಯಿತು. ನಮ್ಮಲ್ಲಿ ಭಂಡಾರ ಹಚ್ಚಿಸಿಕೊಂಡು ಹೊರಟವರು ಹೋಗುವ ಜಾಗ ಮುಟ್ಟದೆ ಅರ್ಧ ದಾರಿಯಿಂದ ಹೊರಳಿ ಬರಬಾರದು. ಬಂದರೆ ದೇವರ ಕೈ ತಿರುವಿದ ಹಾಗೆ ಎಂದು ಎಲ್ಲರೂ ನಂಬುತ್ತಾರೆ. ನಾನು ವಿಜ್ಞಾನ ಕಲಿಸುವವನು, ನಂಬುವುದಿಲ್ಲ ಎನ್ನುತ್ತೇನೆ. ಆದರೆ ಹಣೆ ಒರೆಸಿಕೊಂಡಿರಲಿಲ್ಲ.

ಊರಲ್ಲಿ ಹನಿ ಬಿದ್ದಿರಲಿಲ್ಲ. ಬಿಸಿಲು ಚುರುಗುಟ್ಟುತ್ತಿತ್ತು. ಮೇಲಿನ ಊರುಗಳಲ್ಲಿ ಎಲ್ಲೋ ಹಿಂದಿನ ದಿನ ಮಳೆ ಸುರಿದಿತ್ತು. ಹಳ್ಳಕ್ಕೆ ಬಂದಾಗ ಕೆಂಪು ನೀರು ತಗ್ಗಿನ ಸೇತುವೆಯ ಮೇಲೆ ಮೊಣಕಾಲುದ್ದ ಹರಿಯುತ್ತಿತ್ತು. ಅಂಚಿನ ಕಲ್ಲುಗಳ ತಲೆ ಅಷ್ಟೇ ಕಾಣುತ್ತಿತ್ತು. ಹಕ್ಕಿಯ ದನಿಯೂ ಇರಲಿಲ್ಲ, ನೀರಿನದೇ ಒಂದು ಒರಲು. ಸುತ್ತಿನ ಡಾಂಬರು ರಸ್ತೆ ಹಿಡಿಯಬೇಕೆಂದರೆ ತಿರುಗಿ ಊರೊಳಗೆ ಹೋಗಿ ಗುಡಿಯ ಮುಂದೆಯೇ ಹಾಯಬೇಕು.

"ಭಂಡಾರ ಬಿದ್ದ ಗಾಡಿ ಹೊಳ್ಳಿ ಗುಡಿ ಮುಂದ ಒಯ್ಯಾಂಗಿಲ್ರಿ ಗುರೂಜಿ" ಎಂದ ಡ್ರೈವರ್. "ದಾಟಸ್ತೀನಿ ಕುಂದ್ರಿ."

ಗಾಡಿ ನೀರಿಗಿಳಿಯಿತು, ನಾಲ್ಕು ಮಾರು ಹೋಗಿ ಕೆಮ್ಮಿ ನಿಂತಿತು. ಹೇಗೋ ಮತ್ತೆ ಚಾಲೂ ಮಾಡಿ ಹಿಂದಕ್ಕೆ ತಂದ. ಬಾನೆಟ್ ಎತ್ತಿ ಒರೆಸಿ ಎರಡನೇ ಸಲ ಇಳಿಸಿದ. ಅದೇ ಜಾಗದಲ್ಲಿ ಮತ್ತೆ ನಿಂತಿತು. ಈ ಸಲ ಹಿಂದಕ್ಕೆ ಬರುವಾಗ ಗಾಡಿಯ ಹಿಂಭಾಗ ಒಂದು ಗೇಣು ಪಕ್ಕಕ್ಕೆ ಸರಿದದ್ದು ನನಗೆ ಗೊತ್ತಾಯಿತು. ಯಾರಿಗೂ ಹೇಳಲಿಲ್ಲ. ಹುಡುಗಿಯರು ಇಳಿದು ದಂಡೆಯಲ್ಲಿ ಕೂತು, ಕಟ್ಟಿಕೊಂಡು ಬಂದ ರೊಟ್ಟಿ, ಶೇಂಗಾ ಚಟ್ನಿ ತಿಂದರು. ನಗಾಡುತ್ತಲೇ ತಿಂದರು. ಅಷ್ಟು ಸಲ ಹೇಳಿದ ನನ್ನ ಕತೆ ಆಗ ನನಗೇ ನೆನಪಾಗಲಿಲ್ಲ ಎಂದರೆ ನೀವು ನಂಬಬೇಕು. ನನ್ನ ತಲೆಯಲ್ಲಿ ಇದ್ದದ್ದು ಪಕ್ಕದೂರಿನ ಮಾಸ್ತರರ ನಗುವ ಮುಖ ಒಂದೇ.

"ಹತ್ರಿ ಹತ್ರಿ, ಲಗೂನ" ಎಂದೆ. ಹನ್ನೆರಡು ಹುಡುಗಿಯರು ಹತ್ತಿದರು. ಗೋಲ್‌ಕೀಪರ್ ಕೆಳಗೇ ನಿಂತಳು.

"ನಾ ಒಲ್ಲೆರಿ ಗುರೂಜಿ. ಅಲ್ಲಿ ನೋಡ್ರಿ, ನಟ್ಟನಡುವ ನೀರು ತಿರಗಾಕತ್ತೈತಿ. ತಳದಾಗ ಮಣ್ಣು ಹೋಗಾಕತ್ತಿದ್ರ ಹಂಗ ತಿರಗತೈತ್ರಿ. ಇಂಥಲ್ಲಿ ನಮ್ಮಪ್ಪ ಕುರಿ ಇಳಸೂದಿಲ್ಲ."

"ನಾವೇನು ಕುರಿ ಅದೇವೇನು? ಹತ್ತು."

ಅವಳು ಕದಲಲಿಲ್ಲ. ಗಾಡಿಯೊಳಗೆ ಯಾರೋ ಕಿಸಕ್ಕೆಂದರು. ನನ್ನ ಮೈಗೆ ಬೆಂಕಿ ಬಿದ್ದಂತಾಯಿತು. ಗೋಲ್‌ಕೀಪರ್ ಇಲ್ಲದೆ ಹೋಗಿ ಏನು ಆಡುವುದು?

"ಹತ್ತತೀಯೋ ಇಲ್ಲೋ? ಇವತ್ತ ಹತ್ತಲಿಲ್ಲಂದ್ರ ನಾಳಿಂದ ಮೈದಾನಕ್ಕ ಕಾಲಿಡಬ್ಯಾಡ."

ಅವಳ ಕಣ್ಣು ತುಂಬಿದವು. ಇನ್ನೂ ಏನೇನು ಅನ್ನುತ್ತಿದ್ದೆನೋ, ಅಷ್ಟರಲ್ಲಿ ಕಿಸೆಯಲ್ಲಿ ಫೋನ್ ರಿಂಗಾಯಿತು. ಮುಖ್ಯಾಧ್ಯಾಪಕರು. ನೀರಿನ ಸಪ್ಪಳ ಕೇಳಬಾರದೆಂದು ಫೋನ್ ಹಿಡಿದು ಜಾಲಿಗಿಡದ ಆಚೆ ಹೋದೆ.

"ಎಲ್ಲಿಗಿ ಬಂದ್ರಿ? ಮೊದಲನೇ ಮ್ಯಾಚ ನಮ್ಮದ ಐತಂತ."

"ಹಳ್ಳಾ ದಾಟೇವ್ರಿ ಸರ್" ಎಂದೆ.

ಅವರು ಹುಡುಗಿಯರ ಗುರುತಿನ ಚೀಟಿ, ಅರ್ಜಿ, ಸಹಿ ಎಂದು ಒಂದೊಂದೇ ಕೇಳತೊಡಗಿದರು. ನಾನು ಹೂಂ ಹೂಂ ಎನ್ನುತ್ತ ಹಳ್ಳದ ಕಡೆ ನೋಡುತ್ತಿದ್ದೆ. ದೊಡ್ಡ ಸಪ್ಪಳವೇನೂ ಆಗಲಿಲ್ಲ. ಸೇತುವೆಯ ನಡುಭಾಗ, ದಣಿದ ಎಮ್ಮೆ ಮಲಗುವ ಹಾಗೆ, ಮೆಲ್ಲಗೆ ಕೂತುಬಿಟ್ಟಿತು. ಅದರ ಮೇಲೆ ಕೆಂಪು ನೀರು ಮುಚ್ಚಿಕೊಂಡಿತು. ಅಂಚಿನ ಕಲ್ಲುಗಳೂ ಕಾಣದಾದವು. ಡ್ರೈವರ್ ಗುರುಗುಡಿಸುತ್ತಿದ್ದ ಎಂಜಿನ್ ಬಂದ್ ಮಾಡಿದ. ಫೋನಿನಲ್ಲಿ ಮುಖ್ಯಾಧ್ಯಾಪಕರು, "ಚಲೋ ಆತು ಬಿಡ್ರಿ, ದಾಟಿದ್ರಲ್ಲ" ಎನ್ನುತ್ತಿದ್ದರು.

ಗುಡಿಯ ಮುಂದೆಯೇ ಹಾಯ್ದು ಊರಿಗೆ ಮರಳಿದೆವು. ಸಂಜೆಯೊಳಗೆ ಮುರಿದ ಸೇತುವೆಯ ಚಿತ್ರ ಎಲ್ಲರ ಮೊಬೈಲಿನಲ್ಲೂ ಬಂತು. ಶಿಕ್ಷಕರ ಸಮಯಪ್ರಜ್ಞೆಯಿಂದ ವಿದ್ಯಾರ್ಥಿನಿಯರು ಪಾರು ಎಂದು ಯಾರೋ ಬರೆದಿದ್ದರು. ನಾನು ಅಲ್ಲ ಎನ್ನಬೇಕಿತ್ತು, ಅನ್ನಲಿಲ್ಲ. ಆ ವಾರ ಊರವರು ಶಾಲೆಯ ಅಂಗಳದಲ್ಲಿ ಶಾಲು ಹೊದಿಸಿ ಕೈಗೆ ತೆಂಗಿನಕಾಯಿ ಕೊಟ್ಟರು. ತಾಯಂದಿರು ಬಂದು ಕಾಲು ಮುಟ್ಟಿದರು. ಮುಂದಿನ ಸಾಲಿನಲ್ಲಿ ಕೂತ ಗೋಲ್‌ಕೀಪರ್ ಉಳಿದವರೊಂದಿಗೆ ಚಪ್ಪಾಳೆ ತಟ್ಟಿದಳು. ಅವಳ ಮುಖ ನೋಡುವ ಧೈರ್ಯ ನನಗಾಗಲಿಲ್ಲ. ಈಗ ಬರೆಯುವಾಗಲೂ ನಾಚಿಕೆಯಿಂದ ಕಿವಿ ಬಿಸಿಯಾಗುತ್ತದೆ.

ಹದಿನೈದು ದಿನ ಅನ್ನ ಸರಿ ಸೇರಲಿಲ್ಲ. ಒಂದು ರವಿವಾರ ಬೆಳಿಗ್ಗೆ ಎದ್ದು, ಸೊರಡಿ ಊರಿನ ಹತ್ತಿರದ ಹೊಲದಲ್ಲಿ ಗೋಲ್‌ಕೀಪರ್ ಮನೆಯವರು ಕುರಿ ತರುಬಿ ಬೀಡು ಬಿಟ್ಟಿದ್ದಾರೆಂದು ಕೇಳಿ ಅಲ್ಲಿಗೆ ಹೋದೆ. ಅವಳ ತಾಯಿ ಕಂಬಳಿ ಹಾಸಿ, "ಕುಂದ್ರಿ ಗುರೂಜಿ, ಹುಡುಗ್ಯಾರನ್ನ ಉಳಿಸಿದ ದೇವರು ನೀವು" ಎಂದಳು. ಆ ಮಾತು ಕೇಳಿ ಕೂರಲಾಗಲಿಲ್ಲ. ಹುಡುಗಿ ಆಚೆ ಒಂದು ಮರಿಗೆ ಹಾಲು ಕುಡಿಸುತ್ತಿದ್ದಳು. ಹತ್ತಿರ ಹೋಗಿ ನಿಂತೆ.

"ನನ್ನ ತಪ್ಪಾತವಾ" ಎಂದೆ. "ನೀ ಗಟ್ಟಿಯಾಗಿ ನಿಂತಿ, ಅದಕ್ಕ ಎಲ್ಲಾರೂ ಉಳದ್ವಿ. ಇದನ್ನ ಊರ ಮುಂದ ಹೇಳ್ತೀನಿ."

ಅವಳು ಮರಿಯ ಬಾಯಿ ಒರೆಸಿ ಕೆಳಗೆ ಬಿಟ್ಟಳು.

"ಗಟ್ಟಿ ಎಲ್ಲಿ ನಿಂತಿದ್ನಿರಿ ಗುರೂಜಿ. ಮೈದಾನಕ್ಕ ಬರಬ್ಯಾಡ ಅಂದ್ರಿ, ಗಾಡಿ ಬಾಗಲಾ ಹಿಡಕೊಂಡಿದ್ನಿ. ನಿಮಗ ಫೋನ್ ಬಂತು. ಇನ್ನೊಮ್ಮೆ ಹತ್ತು ಅಂದಿದ್ರ ಹತ್ತತಿದ್ನಿ."